ಸೀರಿಯಲ್‌ನವರು ಕರೆದಿದ್ದಾರೆ, ಜಾತ್ರೆ ನಾಟಕ ಬಿಡಲೇ?

ಪ್ರಶ್ನೆ: ನಾನು ದಾವಣಗೆರೆಯವಳು, ವಯಸ್ಸು 42. ಹದಿನೆಂಟು ವರ್ಷದಿಂದ ಬಣ್ಣ ಹಚ್ಚುತ್ತಿದ್ದೇನೆ. ಮೊದಲು ನಾಟಕ ಕಂಪನಿಗಳಲ್ಲಿದ್ದೆ, ಈಗ ಹಳ್ಳಿ ನಾಟಕಗಳಿಗೆ ಹೋಗುತ್ತೇನೆ. ನಾಯಕಿ ಪಾತ್ರ ನಿಂತು ವರ್ಷಗಳಾದವು. ಈಗ ತಾಯಿ, ಅತ್ತಿಗೆ, ಜೋರುಬಾಯಿಯ ಅತ್ತೆ. ಒಂದು ರಾತ್ರಿಗೆ 6,000 ರೂಪಾಯಿ, ಬಂದು ಹೋಗುವ ಖರ್ಚು ಊರಿನವರದ್ದು. ಶಿವರಾತ್ರಿ ಆಸುಪಾಸಿನಿಂದ ಮೇ ಕೊನೆವರೆಗೆ ಸುಮಾರು 40 ನಾಟಕ. ಮಳೆಗಾಲದಲ್ಲಿ ಏನೂ ಇಲ್ಲ. ದಸರಾ, ದೀಪಾವಳಿಗೆ ಎಂಟು ಹತ್ತು. ಈಗ ಎರಡು ಕಡೆಯಿಂದ ಫೋನ್ ಬಂದಿದೆ. ಒಬ್ಬರು ಕೋ-ಆರ್ಡಿನೇಟರ್ ಅಂತೆ. ಆರ್ಟಿಸ್ಟ್ ಕಾರ್ಡ್ ಮತ್ತು ಫೋಟೊ ಪೋರ್ಟ್‌ಫೋಲಿಯೊಗೆ 35,000 ಕಟ್ಟಿದರೆ 200 ಎಪಿಸೋಡ್ ಗ್ಯಾರಂಟಿ ಎನ್ನುತ್ತಾರೆ. ಇನ್ನೊಂದು ಕಡೆಯವರು ನನ್ನ ನಾಟಕದ ವಿಡಿಯೊ ನೋಡಿ ಕರೆದಿದ್ದಾರೆ. ಸೀರಿಯಲ್‌ನಲ್ಲಿ ನಾಯಕನ ಸೋದರತ್ತೆ ಪಾತ್ರ, ದಿನಕ್ಕೆ 2,500, ತಿಂಗಳಿಗೆ ಹತ್ತು ಹನ್ನೆರಡು ದಿನ, ದುಡ್ಡು ಎರಡು ತಿಂಗಳ ಮೇಲೆ. ಮೊದಲು ಆಡಿಷನ್ ಕಳಿಸಿ ಎಂದಿದ್ದಾರೆ. ‘ಕಂಪನಿ ನಾಟಕದವರದು ಓವರ್ ಆಕ್ಟಿಂಗ್, ಕ್ಯಾಮೆರಾಕ್ಕೆ ಆಗಲ್ಲ’ ಎಂದು ಗೊತ್ತಿದ್ದವರು ಹೆದರಿಸುತ್ತಾರೆ. ಮಗಳು ಪಿಯುಸಿ. ಬೆಂಗಳೂರಿಗೆ ಮನೆ ಮಾಡಲೇ? ಈ ವಯಸ್ಸಿಗೆ ಇದೆಲ್ಲ ಬೇಕೇ?

ಉತ್ತರ: ಮೊದಲನೆಯ ಫೋನಿನ ವಿಷಯ ಬೇಗ ಮುಗಿಸೋಣ. ಆ 35,000 ಕೊಡಬೇಡಿ. ಪಾತ್ರಕ್ಕೆ ಕರೆಯುವವರು ನಿಮಗೆ ದುಡ್ಡು ಕೊಡಬೇಕೇ ಹೊರತು ನಿಮ್ಮಿಂದ ಕೇಳಬಾರದು. ಕಲಾವಿದರ ಸಂಘಗಳ ಸದಸ್ಯತ್ವ ಬೇರೆ ವಿಷಯ. ಅದು ಬೇಕೆನಿಸಿದಾಗ ಸಂಘದ ಕಚೇರಿಗೇ ಹೋಗಿ, ಶುಲ್ಕ ಕಟ್ಟಿ, ರಸೀದಿ ಪಡೆಯುವಂಥದ್ದು. ಆಡಿಷನ್ ಕೊಡುವುದಕ್ಕೆ ಯಾವ ಕಾರ್ಡೂ ಬೇಡ. ಇನ್ನು ‘200 ಎಪಿಸೋಡ್ ಗ್ಯಾರಂಟಿ’ ಎಂಬ ಮಾತನ್ನು ಹೊರಗಿನ ಕೋ-ಆರ್ಡಿನೇಟರ್ ಹಾಗಿರಲಿ, ಸೀರಿಯಲ್‌ನ ನಿರ್ದೇಶಕರೂ ಕೊಡಲಾರರು. ವಾರವಾರ ಬರುವ ಟಿಆರ್‌ಪಿ ನೋಡಿ ಕಥೆಯ ಟ್ರ್ಯಾಕ್ ಬದಲಾಗುತ್ತದೆ. ಸೋದರತ್ತೆಯನ್ನು ಒಂದೇ ಸಂಭಾಷಣೆಯಲ್ಲಿ ‘ಕಾಶಿಯಾತ್ರೆ’ಗೆ ಕಳಿಸಿ ಆರು ತಿಂಗಳು ಮರೆತುಬಿಡುವುದು ಅಲ್ಲಿ ಮಾಮೂಲು.

ನಿಜವಾದ ಯೋಚನೆ ಮಾಡಬೇಕಿರುವುದು ಎರಡನೆಯ ಫೋನಿನ ಬಗ್ಗೆ. ಅದು ಮೋಸವಲ್ಲ, ಮರ್ಯಾದೆಯ ಕರೆ. ಆದರೆ ಮೋಸಗಾರನ ಕೈಗೆ ಸಿಕ್ಕರೆ 35,000 ಹೋಗುತ್ತದೆ. ಈ ಕರೆಗೆ ಡೇಟು ವಿಚಾರಿಸದೆ ಹೂಂ ಅಂದರೆ ಒಂದು ಸೀಸನ್ನೇ ಹೋಗಬಹುದು.

ಲೆಕ್ಕ ಹಾಕೋಣ. ತಿಂಗಳಿಗೆ 11 ದಿನ ಎಂದರೆ 27,500. ಕಲಾವಿದರ ಸಂಭಾವನೆಯಲ್ಲಿ 10% ಟಿಡಿಎಸ್ (ಕೊಡುವ ಮೊದಲೇ ಮುರಿದುಕೊಳ್ಳುವ ಆದಾಯ ತೆರಿಗೆ) ಹಿಡಿಯುತ್ತಾರೆ, 2,750 ಹೋಗಿ ಕೈಗೆ 24,750. ಹನ್ನೊಂದು ದಿನವನ್ನು ಅವರು ಒಟ್ಟಿಗೆ ಕೊಡುವುದಿಲ್ಲ, ಮೂರು ನಾಲ್ಕು ಸಲ ಕರೆಯುತ್ತಾರೆ. ನಾಲ್ಕು ಸಲ ದಾವಣಗೆರೆ–ಬೆಂಗಳೂರು ಹೋಗಿ ಬರಲು 3,600. ಪಿಜಿಯಲ್ಲೋ ಪರಿಚಯದವರ ರೂಮಿನಲ್ಲೋ ದಿನಕ್ಕೆ 500ರಂತೆ 5,500. ಊಟ ತಿಂಡಿ ಸೆಟ್ಟಿನಲ್ಲಿ ಸಿಗುತ್ತದೆ, ಆದರೆ ಬೆಳಿಗ್ಗೆ ಆಟೊ, ರಾತ್ರಿ ಆಟೊ, ಚಿಲ್ಲರೆ ಖರ್ಚು 1,500. ಸೀರೆ, ಬ್ಲೌಸ್, ಇಸ್ತ್ರಿಗೆ 1,500. ಪೋಷಕ ಪಾತ್ರದವರು ಸೀರೆ ತಾವೇ ತರಬೇಕು ಎನ್ನುವ ಸೀರಿಯಲ್‌ಗಳು ಬಹಳ. ಇದನ್ನು ಮೊದಲೇ ಕೇಳದಿದ್ದರೆ ಮೂರನೇ ದಿನ ಗೊತ್ತಾಗುತ್ತದೆ. ಒಟ್ಟು ಖರ್ಚು 12,100. ಉಳಿಯುವುದು 12,650. ನಿಮ್ಮ ಎರಡು ರಾತ್ರಿಯ ನಾಟಕದ ದುಡ್ಡು.

ಹಾಗಾದರೆ ಬೇಡವೇ ಬೇಡ ಎಂದೇನೂ ಅಲ್ಲ. ಜೂನ್‌ನಿಂದ ಜನವರಿವರೆಗೆ ನಿಮಗೆ ಹೆಚ್ಚೇನೂ ಕೆಲಸವಿಲ್ಲ. ಆ ಎಂಟು ತಿಂಗಳಲ್ಲಿ ಸೀರಿಯಲ್‌ನಿಂದ ಒಂದು ಲಕ್ಷ ಉಳಿದರೆ ಅದು ಪೂರ್ತಿ ಹೊಸ ಆದಾಯ. ಫೆಬ್ರವರಿಯಿಂದ ಮೇವರೆಗೆ ಮಾತ್ರ ಲೆಕ್ಕ ತಲೆಕೆಳಗು: 40 ನಾಟಕದ 2,40,000 ಬಿಟ್ಟು ಸೀರಿಯಲ್‌ನ 50,600 ಹಿಡಿದಂತೆ. ಬೆಂಗಳೂರಿಗೆ ಮನೆ ಮಾಡಿದರಂತೂ ಬಾಡಿಗೆಗೇ ಆ 12,650 ಸಾಲದು, ಮನೆಯ ಅಡ್ವಾನ್ಸ್ ಬೇರೆ. ಮಗಳ ಪಿಯುಸಿ ಮುಗಿಯುವವರೆಗಾದರೂ ಮನೆ ಕದಲಿಸಬೇಡಿ.

ಇನ್ನೊಂದು ಲೆಕ್ಕ ಹೊಸಬರು ಹಾಕುವುದೇ ಇಲ್ಲ. ‘ಎರಡು ತಿಂಗಳ ಮೇಲೆ ದುಡ್ಡು’ ಎಂದರೆ ಕೆಲಸ ಮಾಡಿದ ತಿಂಗಳು ಮುಗಿದು, ಬಿಲ್ ಆಗಿ, ಅಲ್ಲಿಂದ ಎರಡು ತಿಂಗಳು. ಮೊದಲ ಹಣ ಕೈಗೆ ಬರುವಷ್ಟರಲ್ಲಿ ಮೂರು ತಿಂಗಳ ಓಡಾಟದ ಖರ್ಚು, ಸುಮಾರು 36,000, ನಿಮ್ಮ ಕೈಯಿಂದಲೇ ಹೋಗಿರುತ್ತದೆ. ಕಾರ್ಡಿಗೆಂದು ಹೊಂದಿಸಲು ಹೊರಟಿದ್ದ ದುಡ್ಡು ಬೇಕಾಗುವುದು ಇಲ್ಲಿ. ಅಷ್ಟು ಕೈಯಲ್ಲಿಲ್ಲದೆ ಸಾಲ ಮಾಡಿ ಹೊರಟವರು ಮೂರನೇ ತಿಂಗಳಿಗೆ ಬೇಸತ್ತು ವಾಪಸಾಗುವುದು ಈ ರಂಗದಲ್ಲಿ ತೀರಾ ಸಾಮಾನ್ಯ. ಅವರಿಗೆ ನಟನೆ ಬಾರದೆ ಅಲ್ಲ, ಖರ್ಚು ತಡೆಯಲಾಗದೆ.

ಇನ್ನು ಡೇಟು. ಹಳ್ಳಿಯವರು ಅಡ್ವಾನ್ಸ್ ಕೊಟ್ಟು ಕರಪತ್ರ ಹೊಡೆಸಿ, ಊರೂರಿಗೆ ಹಂಚಿರುತ್ತಾರೆ. ನಾಟಕ ರಾತ್ರಿ ಹತ್ತಕ್ಕೆ ಶುರುವಾದರೆ ಮುಗಿಯುವುದು ಬೆಳಗಿನ ಜಾವ. ಸೀರಿಯಲ್ ಮ್ಯಾನೇಜರ್ ಹಿಂದಿನ ದಿನ ಸಂಜೆ ಏಳಕ್ಕೆ ಫೋನ್ ಮಾಡಿ ‘ನಾಳೆ ಎಂಟಕ್ಕೆ ಮೇಕಪ್’ ಎನ್ನುತ್ತಾರೆ. ಅವರು ಕೆಟ್ಟವರೆಂದಲ್ಲ. ದಿನವೂ ಪ್ರಸಾರವಾಗುವ ಸೀರಿಯಲ್‌ನಲ್ಲಿ ಮುಂದಿನ ಎಪಿಸೋಡ್‌ಗಳ ದಾಸ್ತಾನು ಮೂರು ನಾಲ್ಕು ದಿನದ್ದಿದ್ದರೆ ಹೆಚ್ಚು. ನಾಯಕಿಗೆ ಜ್ವರ ಬಂದರೆ ಎಲ್ಲರ ಡೇಟೂ ಪಲ್ಲಟ. ನಾಯಕಿ ಇಲ್ಲದ ದಿನ ತೆಗೆಯುವುದು ಅತ್ತೆ, ಸೋದರತ್ತೆ, ಚಿಕ್ಕಮ್ಮಂದಿರ ಅಡುಗೆಮನೆ ಸೀನನ್ನೇ. ಅಂದರೆ ನಿಮ್ಮನ್ನು ಕರೆಯುವುದೇ ಅನಿರೀಕ್ಷಿತವಾಗಿ. ಅದೇ ಸಂಜೆ ನಾಯಕನಹಟ್ಟಿ ಕಡೆಯ ಊರೊಂದರಲ್ಲಿ ನಿಮ್ಮ ಹೆಸರಿನ ಬ್ಯಾನರ್ ಕಟ್ಟಿದ್ದರೆ? ಕೈಕೊಟ್ಟ ಪಾತ್ರಧಾರಿಯ ಸುದ್ದಿ ಹಳ್ಳಿಗಳಲ್ಲಿ ನಾಟಕ ಕಲಿಸುವ ಹಾರ್ಮೋನಿಯಂ ಮಾಸ್ತರರ ಬಾಯಿಂದ ಬಾಯಿಗೆ ಹೋಗಿ, ಮರುವರ್ಷದ ನಲವತ್ತು ರಾತ್ರಿ ಇಪ್ಪತ್ತಕ್ಕೆ ಇಳಿಯುತ್ತದೆ.

ಪಾತ್ರ ಒಪ್ಪುವ ಮುನ್ನ ಒಂದು ವಿಷಯ ವಿಚಾರಿಸಿ: ಈ ಸೋದರತ್ತೆ ನಾಯಕನ ಮನೆಯಲ್ಲೇ ಇರುತ್ತಾಳೋ, ಬಂದು ಹೋಗುತ್ತಾಳೋ? ಮನೆಯೊಳಗಿನ ಪಾತ್ರಕ್ಕೆ ದಿನಗಳು ಹೆಚ್ಚು, ಬಿಡುವು ಕಡಿಮೆ. ಹಾಲ್‌ನಲ್ಲಿ ಜಗಳದ ಸೀನ್ ಇದ್ದರೆ ನಿಮಗೆ ಮಾತಿಲ್ಲದಿದ್ದರೂ ಸೋಫಾದ ಹಿಂದೆ ಬೆಳಿಗ್ಗೆಯಿಂದ ರಾತ್ರಿವರೆಗೆ ನಿಂತಿರಬೇಕು. ಹೊರಗಿನ ಪಾತ್ರಕ್ಕೆ (ಪಕ್ಕದ ಮನೆಯವಳು, ಬೀಗಿತ್ತಿ, ಮದುವೆ ದಲ್ಲಾಳಿ) ದಿನ ಕಡಿಮೆ, ಆದರೆ ಬಂದ ದಿನ ಸೀನ್ ನಿಮ್ಮದೇ, ಡೇಟೂ ಮುಂಚೆ ಗೊತ್ತಾಗುತ್ತದೆ. ನಿಮ್ಮ ಪರಿಸ್ಥಿತಿಗೆ ನಾನು ಹೊರಗಿನ ಪಾತ್ರವನ್ನೇ ಆರಿಸುತ್ತೇನೆ. ಮನೆಯವಳೇ ಆದರೆ, ಊರಿಂದ ಬಂದು ಹೋಗುವ ಸೋದರತ್ತೆ ಮಾಡಲಾದೀತೇ ಎಂದು ಸಂಕೋಚವಿಲ್ಲದೆ ಕೇಳಿ. ಹೊಸ ಸೀರಿಯಲ್ ಆದರೆ ಕಥೆ ಇನ್ನೂ ಹಸಿಯಾಗಿರುತ್ತದೆ, ಒಪ್ಪಿದರೂ ಒಪ್ಪಬಹುದು.

ವಯಸ್ಸಿನ ಚಿಂತೆ ಬಿಡಿ. ನಾಯಕಿಗೆ ಇರುವ ವಯಸ್ಸಿನ ಗಡುವು ಪೋಷಕ ಪಾತ್ರಕ್ಕಿಲ್ಲ. ದುರ್ಗದ ಕೋಟೆ ಹತ್ತಿದವರ ಬಾಯಲ್ಲಿ ಈಗಲೂ ಬರುವ, ‘ನಾಗರಹಾವು’ ಸಿನಿಮಾದ ಚಾಮಯ್ಯ ಮೇಷ್ಟ್ರ ಪಾತ್ರ ಮಾಡಿದಾಗ, 1972ರಲ್ಲಿ, ಕೆ.ಎಸ್. ಅಶ್ವಥ್ ಅವರಿಗೆ 47. ರಂಗಭೂಮಿಯಿಂದ ಬಂದ ಉಮಾಶ್ರೀ ಅವರಿಗೆ ರಾಷ್ಟ್ರಪ್ರಶಸ್ತಿ ಸಿಕ್ಕಿದ್ದು ಐವತ್ತು ದಾಟಿದ ಮೇಲೆ. ನಿಮ್ಮೂರಿನವರೇ ಆದ ಚಿಂದೋಡಿ ಲೀಲಾ ಅವರು ಕೆ.ಬಿ.ಆರ್. ಡ್ರಾಮಾ ಕಂಪನಿಯ ರಂಗದಿಂದಲೇ ಹೆಸರಾಗಿ 1988ರಲ್ಲಿ ಪದ್ಮಶ್ರೀ ಪಡೆದವರು. ಇವರೆಲ್ಲ ದೊಡ್ಡವರು, ಅಪರೂಪದವರು, ಎಲ್ಲರಿಗೂ ಹಾಗಾಗುತ್ತದೆಂದು ಹೇಳುತ್ತಿಲ್ಲ. ಹೇಳುತ್ತಿರುವುದು ಇಷ್ಟೇ: 42 ಎಂದರೆ ತಾಯಿ ಪಾತ್ರದ ಮಾರುಕಟ್ಟೆಗೆ ನೀವು ಈಗಷ್ಟೇ ಕಾಲಿಟ್ಟಿದ್ದೀರಿ. ಮೈತೂಕವೂ ಅಡ್ಡಿಯಲ್ಲ. ಆದರೆ ಆಡಿಷನ್‌ಗೆ ಹಳೇ ಫೋಟೊ ಕಳಿಸಿ, ಎದುರಿಗೆ ಬೇರೆಯೇ ಕಂಡರೆ ಅಲ್ಲಿಗೆ ಮುಗಿಯಿತು.

‘ಓವರ್ ಆಕ್ಟಿಂಗ್’ ಎಂಬ ಮಾತಿಗೆ ಬರೋಣ. ಅರ್ಧ ನಿಜ, ಅರ್ಧ ಸುಳ್ಳು. ಹಳ್ಳಿಯ ಸ್ಟೇಜಿನಲ್ಲಿ ಮೈಕ್ ಮುಂದುಗಡೆ ತೂಗುಬಿಟ್ಟಿರುತ್ತದೆ. ನೀವು ಅದರ ಕೆಳಗೆ ಬಂದು, ಜನರಿಗೆ ಮುಖ ಕೊಟ್ಟು, ಮಾತಿನ ಕೊನೆಯ ಪದವನ್ನು ಎತ್ತಿ ಹೇಳುತ್ತೀರಿ. ಅಲ್ಲಿಗೆ ಚಪ್ಪಾಳೆ ಬರುತ್ತದೆ, ನೀವು ತಡೆದು ನಿಲ್ಲುತ್ತೀರಿ. ಕೊನೆಯ ಸಾಲಿನಲ್ಲಿ ಕಂಬಳಿ ಹೊದ್ದು ಕೂತವನಿಗೂ ತಲುಪಬೇಕಾದ ಅಭಿನಯ ಅದು. ಆ ಜಾಗಕ್ಕೆ ಅದೇ ಸರಿ. ಕ್ಯಾಮೆರಾ ನಿಮ್ಮ ಮುಖದಿಂದ ಮೂರಡಿಯಲ್ಲಿದ್ದಾಗ ಅದೇ ಎತ್ತುಗಡೆ ಚೀರಾಟವಾಗುತ್ತದೆ. ಬದಲಿಸಬೇಕಾದ್ದು ಅಳತೆ ಮಾತ್ರ.

ಹದಿನೈದು ದಿನ ಮನೆಯಲ್ಲೇ ಹೀಗೆ ಮಾಡಿ. ನಿಮಗೆ ಬಾಯಿಪಾಠವಿರುವ ಒಂದು ಜಗಳದ ಮಾತು ತೆಗೆದುಕೊಳ್ಳಿ. ಮೊದಲು ಮೊಬೈಲನ್ನು ಇಪ್ಪತ್ತು ಅಡಿ ದೂರದಲ್ಲಿಟ್ಟು ಸ್ಟೇಜಿನ ಹಾಗೇ ಹೇಳಿ. ಆಮೇಲೆ ಆರಡಿಗೆ ತಂದು, ಎದುರಿಗೆ ಒಬ್ಬಳೇ ಕೂತಿದ್ದಾಳೆ ಎಂಬಂತೆ ಹೇಳಿ. ಕೊನೆಗೆ ಎರಡಡಿಗೆ ತಂದು, ಪಕ್ಕದ ಕೋಣೆಯಲ್ಲಿ ಮಲಗಿದವರಿಗೆ ಕೇಳಬಾರದು ಎಂಬಂತೆ ಅದೇ ಸಿಟ್ಟಿನಲ್ಲಿ ಹೇಳಿ. ದನಿ ಇಳಿದಾಗ ಸಿಟ್ಟೂ ಇಳಿದುಹೋಗುವುದು ಮೊದಲ ತಪ್ಪು. ದನಿ ಇಳಿದದ್ದನ್ನು ಸರಿದೂಗಿಸಲು ಹುಬ್ಬು, ತಲೆ ಕುಣಿಸುವುದು ಎರಡನೆಯದು. ಮೂರನೆಯದು ಕೊನೆಯ ಪದ: ಸ್ಟೇಜಿನ ಅಭ್ಯಾಸಕ್ಕೆ ಅದು ತಾನಾಗಿಯೇ ಮೇಲೇರುತ್ತದೆ, ಅದನ್ನು ಬೇಕೆಂದೇ ಕೆಳಗಿಳಿಸಿ ಮುಗಿಸಿ. ದಿನಕ್ಕೆ ಇಪ್ಪತ್ತು ನಿಮಿಷ ಸಾಕು. ರೆಕಾರ್ಡ್ ಮಾಡಿದ್ದನ್ನು ಒಮ್ಮೆ ಶಬ್ದವಿಲ್ಲದೆ ನೋಡಿ, ಮುಖ ಎಲ್ಲಿ ಸುಮ್ಮನೆ ಕುಣಿಯುತ್ತಿದೆ ಎಂದು ತಟ್ಟನೆ ಕಾಣುತ್ತದೆ.

ಇನ್ನು ಸೆಟ್ಟಿನಲ್ಲಿ ಎಡವುವುದು ಎಲ್ಲಿ? ಕಂಟಿನ್ಯುಟಿಯಲ್ಲಿ. ಸ್ಟೇಜಿನಲ್ಲಿ ನೀವು ಒಂದೊಂದು ರಾತ್ರಿ ಒಂದೊಂದು ಥರ ಮಾಡಬಹುದು. ಇಲ್ಲಿ ಮೊದಲು ಎಲ್ಲರನ್ನೂ ಸೇರಿಸಿ ಮಾಸ್ಟರ್ ಶಾಟ್, ಆಮೇಲೆ ಅದೇ ಮಾತನ್ನು ಕ್ಲೋಸ್‌ನಲ್ಲಿ, ಅಂದರೆ ಮುಖದ ಹತ್ತಿರದಿಂದ, ಮತ್ತೆ. ಕಾಫಿ ಲೋಟವನ್ನು ಯಾವ ಕೈಯಲ್ಲಿ ಹಿಡಿದಿರಿ, ಯಾವ ಪದಕ್ಕೆ ಕೆಳಗಿಟ್ಟಿರಿ, ಸೆರಗು ಭುಜದ ಮೇಲಿತ್ತೋ ಸೊಂಟಕ್ಕೆ ಸಿಕ್ಕಿಸಿತ್ತೋ ಎಂಬುದು ಎರಡರಲ್ಲೂ ಒಂದೇ ಇರಬೇಕು. ಅನುಭವಿಗಳು ಮಾಸ್ಟರ್ ಶಾಟ್‌ನಲ್ಲಿ ಕೈಗೆ ಕೆಲಸವನ್ನೇ ಕಡಿಮೆ ಇಟ್ಟುಕೊಳ್ಳುತ್ತಾರೆ, ನೆನಪಿಡುವ ತಾಪತ್ರಯ ತಪ್ಪಲಿ ಎಂದು.

ಲೈವ್ ಸೌಂಡ್ ಇರುವ, ಅಂದರೆ ಮಾತನ್ನು ಅಲ್ಲೇ ರೆಕಾರ್ಡ್ ಮಾಡುವ ಸೆಟ್ಟಿನಲ್ಲಿ ಮೈಕನ್ನು ಸೆರಗಿನೊಳಗೆ, ಎದೆಯ ಹತ್ತಿರ ಅಂಟಿಸುತ್ತಾರೆ. ಕರಿಮಣಿ ಸರ ಅದಕ್ಕೆ ತಾಗಿ ಮಾತಿನುದ್ದಕ್ಕೂ ಕರಕರ ಎನ್ನುತ್ತದೆ. ಸರವನ್ನು ಒಳಬದಿಯಲ್ಲಿ ಟೇಪ್ ಹಚ್ಚಿ ನಿಲ್ಲಿಸಿಕೊಳ್ಳಿ. ಗಾಜಿನ ಬಳೆ ಎರಡಕ್ಕಿಂತ ಹೆಚ್ಚು ಬೇಡ. ಗಂಜಿ ಹಾಕಿದ ಸೀರೆ, ಗರಿಗರಿ ರೇಷ್ಮೆ ಸದ್ದು ಮಾಡುತ್ತವೆ. ಸದ್ದು ಮಾಡದ ಮೆತ್ತನೆ ಸೀರೆ ಆರು, ಪೂಜೆ, ಮದುವೆ ಸೀನಿಗೆ ಎರಡು ಇದ್ದರೆ ಶುರುವಿಗೆ ಆದೀತು. ಇನ್ನು ಎಲ್ಲರೂ ಮರೆಯುವ ಒಂದು ಅನುಕೂಲ ನಿಮಗಿದೆ. ಸೀರಿಯಲ್‌ನಲ್ಲಿ ಮಾತಿನಷ್ಟೇ ಮುಖ್ಯ, ಇನ್ನೊಬ್ಬರ ಮಾತು ಕೇಳಿಸಿಕೊಂಡ ಮುಖ. ಆ ರಿಯಾಕ್ಷನ್ನನ್ನು ಐದಾರು ಸೆಕೆಂಡು ರೆಪ್ಪೆ ಬಡಿಯದೆ ಹಿಡಿದಿಡಬೇಕು. ಚಪ್ಪಾಳೆ ನಿಲ್ಲುವವರೆಗೆ ಭಾವ ಬಿಡದೆ ನಿಲ್ಲುವುದನ್ನು ಕಂಪನಿ ನಾಟಕ ನಿಮಗೆ ಕಲಿಸಿದೆ.

ಭಾಷೆಯ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ದಾವಣಗೆರೆ ಕಡೆಯ ‘ಬರ್ರಿ, ಹೋಗ್ರಿ’ಯನ್ನು ಉಜ್ಜಿ ಅಳಿಸಲು ಹೋಗಬೇಡಿ. ಮೈಸೂರು ಕಡೆಯ ಮಾತಿನಲ್ಲಿ ಒಂದು ಸೀನ್, ನಿಮ್ಮ ಮಾತಿನಲ್ಲಿ ಒಂದು ಸೀನ್ ಮಾಡಿ ಕಳಿಸಿ. ಎರಡೂ ಬರುವವರು ಸಿಗುವುದು ಕಷ್ಟ.

ಆಡಿಷನ್ ವಿಡಿಯೊಗೆ ಸ್ಟುಡಿಯೊ ಬೇಡ. ಬೆಳಿಗ್ಗೆ ಕಿಟಕಿಯ ಬೆಳಕು ಮುಖದ ಮೇಲೆ ಬೀಳುವಂತೆ, ಬಣ್ಣವಿಲ್ಲದ ಖಾಲಿ ಗೋಡೆಯ ಮುಂದೆ ನಿಲ್ಲಿ. ಮೊಬೈಲ್ ಅಡ್ಡ ಇರಲಿ, ಕಣ್ಣಿನ ಎತ್ತರಕ್ಕೆ, ಐದಾರು ಅಡಿ ದೂರ. ಮೊದಲ ಅರ್ಧ ನಿಮಿಷ ಹೆಸರು, ಊರು, ವಯಸ್ಸು, ಎತ್ತರ, ಬರುವ ಭಾಷೆ, ಹಾಡುವುದಾದರೆ ಎರಡು ಸಾಲು. ಎಡಕ್ಕೂ ಬಲಕ್ಕೂ ತಿರುಗಿ ಮುಖ ತೋರಿಸಿ. ಆಮೇಲೆ ತಲಾ ಒಂದೂವರೆ ನಿಮಿಷದ ಎರಡು ಸೀನ್, ಒಂದು ಗದರುವುದು, ಒಂದು ಮೆತ್ತಗಿನದು. ಎದುರು ಪಾತ್ರದ ಮಾತನ್ನು ಮಗಳು ಮೊಬೈಲಿನ ಪಕ್ಕದಲ್ಲೇ ನಿಂತು ಓದಲಿ, ಆಗ ನಿಮ್ಮ ದೃಷ್ಟಿ ಸರಿಯಾದ ಕಡೆ ನಿಲ್ಲುತ್ತದೆ. ಬ್ಯೂಟಿ ಫಿಲ್ಟರ್ ಹಾಕಿದರೆ ವಿಡಿಯೊ ಮುಂದಕ್ಕೆ ಹೋಗುವುದಿಲ್ಲ. ಜೊತೆಗೆ ಐದು ಫೋಟೊ: ನೇರ ಮುಖ, ಪಕ್ಕದ ಮುಖ, ನಗು, ಹತ್ತಿ ಸೀರೆಯಲ್ಲಿ ಪೂರ್ತಿ ನಿಲುವು, ರೇಷ್ಮೆ ಸೀರೆಯಲ್ಲಿ ಒಂದು. ಖರ್ಚು ಸೊನ್ನೆ.

ಆಯ್ಕೆಯಾದರೆ ಮಾತುಕತೆಯನ್ನು ವಾಟ್ಸಾಪ್‌ನಲ್ಲಾದರೂ ಬರೆಸಿಕೊಳ್ಳಿ, ಒಪ್ಪಂದದ ಕಾಗದ ಆಮೇಲೆ ಬರಲಿ. ದಿನದ ಸಂಭಾವನೆ ಎಷ್ಟು, ತಿಂಗಳಿಗೆ ಕನಿಷ್ಠ ಎಷ್ಟು ದಿನ, ಒಂದು ದಿನ ಎಂದರೆ ಎಷ್ಟು ಗಂಟೆ, ದುಡ್ಡು ಯಾವ ದಿನಾಂಕಕ್ಕೆ, ಓಡಾಟ ಮತ್ತು ವಾಸ್ತವ್ಯ ಯಾರದು, ಸೀರೆ ಯಾರದು. ಬೆಂಗಳೂರಿಗೆ ಬಂದ ಮೇಲೆ ಶೂಟಿಂಗ್ ರದ್ದಾದರೆ ಅರ್ಧ ದಿನದ್ದಾದರೂ ಕೊಡುತ್ತಾರೆಯೇ ಎಂಬುದನ್ನು ಬೇರೆ ಊರಿಂದ ಬರುವವರು ಕೇಳಲೇಬೇಕು. ಬೇರೆ ಚಾನೆಲ್‌ನಲ್ಲಿ ನಟಿಸಬಾರದು ಎಂಬ ಷರತ್ತು ಒಪ್ಪಬಹುದು, ‘ಬೇರೆ ಯಾವುದೇ ಪ್ರದರ್ಶನ’ ಎಂದು ಬರೆದಿದ್ದರೆ ‘ನಾಟಕ ಹೊರತುಪಡಿಸಿ’ ಎಂದು ಸೇರಿಸಿಸಿ. ಮುಂದೆ ಸಿನಿಮಾ ಬಂದರೆ ಅಲ್ಲಿ ಸಾಮಾನ್ಯವಾಗಿ ಡಬ್ಬಿಂಗ್ ಇರುತ್ತದೆ. ಬಾಕಿಯನ್ನು ಡಬ್ಬಿಂಗ್‌ಗೆ ಮುಂಚೆ ಚುಕ್ತಾ ಮಾಡಿಸಿಕೊಳ್ಳಿ. ಡಬ್ಬಿಂಗ್ ಮುಗಿದ ಮೇಲೆ ನಿಮ್ಮ ಫೋನ್ ಎತ್ತುವ ತುರ್ತು ಯಾರಿಗೂ ಇರುವುದಿಲ್ಲ.

ಪ್ಯಾನ್ ಕಾರ್ಡ್ ಕೊಡದಿದ್ದರೆ 10% ಬದಲು 20% ಹಿಡಿಯುತ್ತಾರೆ, ಆಧಾರ್‌ಗೆ ಜೋಡಿಸಿದೆಯೇ ನೋಡಿಕೊಳ್ಳಿ. ಹಿಡಿದದ್ದು ರಿಟರ್ನ್ಸ್ ಸಲ್ಲಿಸಿದರೆ ವಾಪಸ್ ಬರುತ್ತದೆ, ನಿಮ್ಮಷ್ಟು ಆದಾಯಕ್ಕೆ ಪೂರ್ತಿ ಬಂದೀತು. ಬಂದ ಸಂಭಾವನೆಯ ಅರ್ಧವನ್ನಷ್ಟೇ ಆದಾಯವೆಂದು ತೋರಿಸುವ ಸೌಲಭ್ಯ ಸಿನಿಮಾ ಕಲಾವಿದರಿಗಿದೆ, ಆಡಿಟರ್ ಹತ್ತಿರ ಕೇಳಿ.

ಆಡಿಷನ್ ಅಥವಾ ಮಾತುಕತೆ ಎಂದು ಲಾಡ್ಜಿಗೆ, ಸಂಜೆಯ ಮೇಲೆ ಕರೆದರೆ ಹೋಗಬೇಡಿ. ಕಚೇರಿಗೆ, ಹಗಲು, ಜೊತೆಗೆ ಒಬ್ಬರಿರಲಿ. ಶೂಟಿಂಗ್ ಸೆಟ್ಟೂ ಕೆಲಸದ ಸ್ಥಳವೇ. ಲೈಂಗಿಕ ಕಿರುಕುಳ ತಡೆಯ 2013ರ ಕಾಯ್ದೆ ಅಲ್ಲಿಗೂ ಅನ್ವಯ. ಹತ್ತು ಮತ್ತು ಹೆಚ್ಚು ಜನ ಕೆಲಸ ಮಾಡುವ ಕಡೆ ಆಂತರಿಕ ಸಮಿತಿ ಇರಬೇಕು, ಇಲ್ಲದಿದ್ದರೆ ಜಿಲ್ಲಾ ಮಟ್ಟದ ಸ್ಥಳೀಯ ಸಮಿತಿಗೆ ದೂರು ಕೊಡಬಹುದು. ಮೂರು ತಿಂಗಳೊಳಗೆ, ಬರವಣಿಗೆಯಲ್ಲಿ.

ತರಬೇತಿ ಬೇಕೇ ಎಂದರೆ, ನಿಮಗೆ ಬೇಡ. ಸಾಣೇಹಳ್ಳಿಯ ರಂಗಶಾಲೆಯ ಅಥವಾ ಹೆಗ್ಗೋಡಿನ ನೀನಾಸಮ್‌ನ ಒಂದು ವರ್ಷದ ರಂಗ ತರಬೇತಿ ಕೋರ್ಸ್ ಮಗಳಿಗೆ ಆಸಕ್ತಿಯಿದ್ದರೆ ಪಿಯುಸಿ ಮುಗಿದ ಮೇಲೆ ವಿಚಾರಿಸಿ. ನಿಮ್ಮೂರಿನ ಹತ್ತಿರದ ಕೊಂಡಜ್ಜಿಯ ವೃತ್ತಿ ರಂಗಭೂಮಿ ರಂಗಾಯಣದಲ್ಲಿ ಶಿಬಿರಗಳಿದ್ದರೆ ನೀವು ಅಲ್ಲಿ ಕಲಿಯುವುದಕ್ಕಿಂತ ಕಲಿಸಬಹುದು.

ಮುಂದಿನ ದಿನಗಳಿಗಾಗಿ ಎರಡು ಕೆಲಸ ಈ ವಾರವೇ ಮಾಡಿ. ರಾತ್ರಿ ಹೊತ್ತು ಟೆಂಪೊ, ಕಾರುಗಳಲ್ಲಿ ಓಡಾಡುವವರು ನೀವು. ಬ್ಯಾಂಕ್ ಖಾತೆಯಿಂದ ವರ್ಷಕ್ಕೆ 20 ರೂಪಾಯಿ ಕಡಿತವಾಗುವ ಪ್ರಧಾನಮಂತ್ರಿ ಸುರಕ್ಷಾ ಬಿಮಾ ಯೋಜನೆಯಲ್ಲಿ 2 ಲಕ್ಷದ ಅಪಘಾತ ವಿಮೆ ಇದೆ, ಮಾಡಿಸಿ. ಎರಡನೆಯದು, ಹಳೇ ಕರಪತ್ರಗಳನ್ನು ಹುಡುಕಿ ತೆಗೆಯಿರಿ. ಕಷ್ಟದಲ್ಲಿರುವ ಕಲಾವಿದರಿಗೆ 58 ವರ್ಷದ ಮೇಲೆ ಕನ್ನಡ ಮತ್ತು ಸಂಸ್ಕೃತಿ ಇಲಾಖೆ ಮಾಸಾಶನ ಕೊಡುತ್ತದೆ. ಅರ್ಜಿ ಹಾಕುವಾಗ ಇಷ್ಟು ವರ್ಷ ಕಲಾಸೇವೆ ಮಾಡಿದ್ದೇವೆ ಎಂಬುದಕ್ಕೆ ಪುರಾವೆ ಬೇಕು. ಹಳ್ಳಿ ನಾಟಕದ ಕಲಾವಿದರ ಬಳಿ ಅದು ಇರುವುದೇ ಇಲ್ಲ. ವರ್ಷಕ್ಕೆ ಮೂರು ನಾಲ್ಕಾದರೂ, ನಿಮ್ಮ ಹೆಸರು ಮತ್ತು ದಿನಾಂಕ ಸ್ಪಷ್ಟವಿರುವ ಕರಪತ್ರ ಫೈಲ್ ಮಾಡಿ. ಹಲವು ಕರಪತ್ರಗಳಲ್ಲಿ ವಾರ, ಹಬ್ಬ ಇರುತ್ತದೆ, ಇಸವಿ ಇರುವುದಿಲ್ಲ. ಹಿಂಬದಿಯಲ್ಲಿ ಬರೆದಿಟ್ಟು ಊರಿನವರ ಸಹಿ ಹಾಕಿಸಿಕೊಳ್ಳಿ.

ಒಂದು ಲಾಭವನ್ನು ಮೇಲಿನ ಲೆಕ್ಕಕ್ಕೆ ಸೇರಿಸಿಲ್ಲ. ಟಿವಿಯಲ್ಲಿ ಮುಖ ಕಂಡ ಮೇಲೆ ಹಳ್ಳಿಯವರು ಕರಪತ್ರದಲ್ಲಿ ನಿಮ್ಮ ಫೋಟೊ ದೊಡ್ಡದಾಗಿ ಹಾಕಿ ‘ಧಾರಾವಾಹಿ ಖ್ಯಾತಿಯ’ ಎಂದು ಬರೆಸುತ್ತಾರೆ. ಆಗ 6,000ವನ್ನು 8,000 ಅಥವಾ 10,000 ಎಂದು ಕೇಳಬಹುದು. ಈ ಸೀರಿಯಲ್‌ನಿಂದ ಬರುವ ಅಸಲಿ ಸಂಪಾದನೆ ಅದೇ, ಮತ್ತು ಅದನ್ನು ಪಡೆಯಬೇಕಾದರೆ ಜಾತ್ರೆಯ ರಾತ್ರಿಗಳು ಕೈಯಲ್ಲಿರಬೇಕು. ನಿಮ್ಮೂರಿನಲ್ಲಿ ಎರಡು ವರ್ಷಕ್ಕೊಮ್ಮೆ ನಡೆಯುವ ದುಗ್ಗಮ್ಮನ ಜಾತ್ರೆಯ ವರ್ಷವಂತೂ ಹೇಳುವುದೇ ಬೇಡ.

ಆದ್ದರಿಂದ ಆ ಮ್ಯಾನೇಜರ್‌ಗೆ ನೀವು ಕಳಿಸಬೇಕಾದ ಸಂದೇಶ ಇಷ್ಟು: ‘ಸರ್, ಜೂನ್‌ನಿಂದ ಜನವರಿವರೆಗೆ, ದಸರಾ ದೀಪಾವಳಿಯ ಹತ್ತು ದಿನ ಬಿಟ್ಟು, ಯಾವಾಗ ಕರೆದರೂ ಬರುತ್ತೇನೆ. ಫೆಬ್ರವರಿಯಿಂದ ಮೇವರೆಗೆ ತಿಂಗಳ ಮೊದಲ ಐದು ದಿನ ಮಾತ್ರ, ಅದೂ ಹದಿನೈದು ದಿನ ಮೊದಲು ತಿಳಿಸಿದರೆ. ನಾಟಕದ ಡೇಟಿನ ಪಟ್ಟಿ ಕಳಿಸುತ್ತಿದ್ದೇನೆ.’ ಆ ಐದು ದಿನಕ್ಕೆ ಊರಿನವರ ಅಡ್ವಾನ್ಸ್ ಹಿಡಿಯಬೇಡಿ. ಮ್ಯಾನೇಜರ್ ಒಪ್ಪಿದರೆ 2,500ಕ್ಕೇ ಹೋಗಿ, ಮೂರು ತಿಂಗಳಾದ ಮೇಲೆ 3,500 ಕೇಳಿ. ಒಪ್ಪದಿದ್ದರೆ ಈ ಪಾತ್ರ ಬಿಟ್ಟು, ಅದೇ ವಿಡಿಯೊವನ್ನು ಬೇರೆ ನಾಲ್ಕು ತಂಡಗಳಿಗೆ ಕಳಿಸಿ, ಬಂದು ಹೋಗುವ ಪಾತ್ರ ಬೇಕೆಂದೇ ಬರೆಯಿರಿ.